ಖಂಡೆ ಪೂಜೆಗೆ ಇಟ್ಟ ಬಾಣಗಳು

ನಮ್ಮ ಮನೆತನದಲ್ಲಿ ಯಾರು ಏನು ಕೊಳ್ಳಬೇಕಾದರೂ ಮೊದಲು ನನಗೆ ಫೋನ್ ಬರುತ್ತದೆ. ಮಿಕ್ಸಿ, ವಾಷಿಂಗ್ ಮಷಿನ್, ಮಗುವಿನ ಕಾರ್ ಸೀಟ್, ಒಮ್ಮೆ ಹುಬ್ಬಳ್ಳಿಯಿಂದ ಚಿಕ್ಕಪ್ಪನ ಕಿವಿಯ ಮಷಿನ್ ಕೂಡ. ನಾರ್ತ್ ಸಿಡ್ನಿಯ ಒಂದು ಆಫೀಸಿನಲ್ಲಿ ಸಾಫ್ಟ್‌ವೇರ್ ಟೆಸ್ಟ್ ಮಾಡುವುದು ನನ್ನ ಕೆಲಸ. ಯಾವುದು ಎಲ್ಲಿ ಕೈಕೊಡುತ್ತದೆ ಎಂದು ಹುಡುಕುವುದೇ ನನ್ನ ಹೊಟ್ಟೆಪಾಡು. ಹೀಗಾಗಿ ಮೆಲ್ಬರ್ನ್‌ನ ಕ್ಲೈಡ್ ನಾರ್ತ್‌ನಲ್ಲಿರುವ ತಮ್ಮ ಫೋನ್ ಮಾಡಿ, ‘ಅಕ್ಕಾ, ಒಂದ್ ಸಾಮಾನು ನೋಡಿ ಹೇಳಬೇಕಲ್ಲ’ ಎಂದಾಗ ಏರ್ ಫ್ರೈಯರ್ ಇರಬೇಕು ಎಂದುಕೊಂಡೆ.

‘ಬ್ರಾಡ್‌ಹೆಡ್’ ಎಂದ.

‘ಹಂಗಂದ್ರ?’

‘ಬಾಣದ ತುದಿ. ಜಿಂಕಿ ಹೊಡಿಯಾಕ.’

ಕ್ವೇಕರ್ಸ್ ಹಿಲ್‌ನ ನಮ್ಮ ಅಡುಗೆಮನೆಯಲ್ಲಿ ನಾನಾಗ ರೊಟ್ಟಿ ಬಡಿಯುತ್ತಿದ್ದೆ. ಕೈ ಅಲ್ಲೇ ನಿಂತಿತು. ನಾವು ಲಿಂಗಾಯತರು. ಮೊಟ್ಟೆ ಹಾಕಿದ ಕೇಕ್ ಮನೆಗೆ ಬಂದರೆ ಅಜ್ಜಿ ಅದನ್ನು ಅಂಗಳದಲ್ಲೇ ತಿನ್ನಿಸಿ, ಬಾಯಿ ಮುಕ್ಕಳಿಸಿದ ಮೇಲೆಯೇ ಒಳಗೆ ಬಿಡುತ್ತಿದ್ದಳು. ತಮ್ಮ ಇಲ್ಲಿಗೆ ಬಂದ ಮೇಲೆ ಮಾಂಸ ತಿನ್ನುತ್ತಿದ್ದಾನೆ ಎಂಬುದು ನನಗೆ ಗೊತ್ತಿತ್ತು. ಅಪ್ಪನಿಗೆ ಗೊತ್ತಿಲ್ಲ ಎಂಬುದೂ ಗೊತ್ತಿತ್ತು. ಎರಡು ವರ್ಷದ ಹಿಂದೆ ಅವನು ಬಿಲ್ಲುಗಾರಿಕೆಯ ಕ್ಲಬ್ಬಿಗೆ ಸೇರಿದಾಗ ಹೊಸದರಲ್ಲಿ ಅಗಸ ಎತ್ತಿ ಎತ್ತಿ ಒಗೆದ ಎಂದು ನಕ್ಕು ಸುಮ್ಮನಾಗಿದ್ದೆ. ಈಗ ನೋಡಿದರೆ ಬೇಟೆಯ ಲೈಸೆನ್ಸ್ ತೆಗೆದುಕೊಂಡಿದ್ದಾನೆ. ಅವನ ಜೊತೆ ಕೆಲಸ ಮಾಡುವವರೊಬ್ಬರಿಗೆ ಗಿಪ್ಸ್‌ಲ್ಯಾಂಡ್ ಕಡೆ ಜಮೀನಿದೆಯಂತೆ, ಜಿಂಕೆಗಳ ಕಾಟ ವಿಪರೀತವಂತೆ, ದಸರೆಯ ಹೊತ್ತಿಗೇ ಬರುವ ಲಾಂಗ್ ವೀಕೆಂಡಿಗೆ ಬಾ ಎಂದಿದ್ದಾರಂತೆ.

‘ನಾ ತಿನ್ನಂಗಿಲ್ಲ, ಕೊಲ್ಲಂಗಿಲ್ಲ. ನನ್ನ ಯಾಕ ಕೇಳ್ತಿ?’ ಎಂದು ರೇಗಿದೆ.

‘ನೀ ನೋಡಿ ಹೇಳಿದ್ದು ಎಂದೂ ಕೆಟ್ಟಿಲ್ಲ. ಭಾಳ ತುಟ್ಟಿದ್ದು ಬ್ಯಾಡ. ಆದ್ರ ಒಂದ ಏಟಿಗೆ ಮುಗೀಬೇಕು, ಅಕ್ಕಾ. ಮುಗೀಲಿಲ್ಲಂದ್ರ ಅದು ಓಡಿಹೋಗಿ, ಎಲ್ಲೋ ಬಿದ್ದು, ಎರಡ್ಮೂರು ದಿವ್ಸ ನರಳಿ ಸಾಯ್ತೈತಿ.’

ಆ ಮಾತು ಹೇಳದೇ ಇದ್ದಿದ್ದರೆ ನಾನು ಫೋನ್ ಇಟ್ಟು ರೊಟ್ಟಿ ಬಡಿಯುತ್ತಿದ್ದೆ.

ಮರುದಿನ ಟ್ರೇನಿನಲ್ಲಿ ಓದಲು ಶುರುಮಾಡಿದೆ. ಬ್ರಾಡ್‌ಹೆಡ್ ಎಂದರೆ ಬಾಣದ ತುದಿಗೆ ತಿರುಪಿ ಕೂರಿಸುವ ಅಲಗು. ಒಂದು ಜಾತಿಯಲ್ಲಿ ಅಲಗುಗಳು ಸದಾ ಹೊರಗೇ ಇರುತ್ತವೆ. ಹಾರುವಾಗ ಗಾಳಿ ಅವನ್ನು ಅತ್ತಿತ್ತ ತಳ್ಳುತ್ತದೆ, ಹೀಗಾಗಿ ಗುರಿ ತಪ್ಪದಿರಲು ಪಳಗಿದ ಕೈ ಬೇಕು. ಇನ್ನೊಂದರಲ್ಲಿ ಅಲಗುಗಳು ಮಡಚಿಕೊಂಡು ಒಳಗಿರುತ್ತವೆ, ಮೈಗೆ ತಾಗಿದೊಡನೆ ಬಿಚ್ಚಿಕೊಳ್ಳುತ್ತವೆ. ತಮ್ಮನಿಗೆ ಬೇಕಾಗಿದ್ದು ಈ ಬಿಚ್ಚಿಕೊಳ್ಳುವ ಜಾತಿ. ನೇರವಾಗಿ ಹಾರುತ್ತದೆ, ಆದರೆ ಬಿಚ್ಚಿಕೊಳ್ಳಲೇಬೇಕು. ಬಿಚ್ಚಿಕೊಳ್ಳದಿದ್ದರೆ ಅದು ಬರೀ ದಬ್ಬಣ.

ಇಷ್ಟು ತಿಳಿಯಿತು. ಇದರಾಚೆಗೆ ತಲೆಬುಡ ತಿಳಿಯಲಿಲ್ಲ. ಒಬ್ಬ ಅಲಗು ಎರಡೇ ಸಾಕು ಎಂದ, ಇನ್ನೊಬ್ಬ ಮೂರಿಲ್ಲದಿದ್ದರೆ ಬೇಟೆಗೇ ಹೋಗಬೇಡ ಎಂದ. ಅಗ್ಗದ ಒಂದನ್ನು ಒಬ್ಬ ಹಾಡಿ ಹೊಗಳಿದರೆ ಅದನ್ನೇ ಮತ್ತೊಬ್ಬ ಕಸದ ಬುಟ್ಟಿಗೆ ಎಸೆ ಎಂದ. ಎತ್ತು ಏರಿಗೆ, ಕೋಣ ನೀರಿಗೆ. ಪಕ್ಕದಲ್ಲಿ ಕೂತಿದ್ದ ಕೋಟಿನ ಗೃಹಸ್ಥರು ನನ್ನ ಫೋನಿನಲ್ಲಿ ಸಾಲಾಗಿ ಬರುತ್ತಿದ್ದ ಚೂರಿಯಂಥ ಚಿತ್ರಗಳನ್ನು ಕಂಡು, ನನ್ನ ಮುಖ ನೋಡಿ, ಎದ್ದುಹೋಗಿ ಬೇರೆ ಸೀಟಿನಲ್ಲಿ ಕೂತರು. ನನಗೆ ನಗು ಬಂತು. ಆಮೇಲೆ ನಾಚಿಕೆಯೂ ಆಯಿತು. ದಿನವೂ ಲಿಂಗಪೂಜೆ ಮಾಡಿ ಹಣೆಗೆ ವಿಭೂತಿ ಇಟ್ಟುಕೊಂಡು ಹೊರಡುವ ಹೆಂಗಸು ಪ್ರಾಣಿಯ ಪುಪ್ಪುಸ ಎಲ್ಲಿರುತ್ತದೆ ಎಂದು ಓದುತ್ತಿದ್ದಳು. ನಾನು ಮಾಡುತ್ತಿರುವುದು ಪುಣ್ಯವೋ ಪಾಪವೋ ತಿಳಿಯಲಿಲ್ಲ. ಇದನ್ನು ಯಾರ ಹತ್ತಿರ ಕೇಳಬೇಕೆಂದೂ ತಿಳಿಯಲಿಲ್ಲ. ಗಂಡನನ್ನು ಕೇಳಿದರೆ, ‘ನಿಮ್ಮ ಅಕ್ಕ-ತಮ್ಮನ ನಡುವೆ ನನ್ನ ಎಳೀಬ್ಯಾಡ’ ಎಂದರು.

ಕಡೆಗೆ ಅಳೆದು ಸುರಿದು ಮೂರು ಅಗ್ಗದ ಬಗೆಗಳನ್ನು ಆರಿಸಿ ತಮ್ಮನ ಮನೆಗೇ ಆರ್ಡರ್ ಮಾಡಿದೆ. ನೋಡದೆ ಹೇಳುವುದು ನನ್ನ ಜಾಯಮಾನವಲ್ಲ. ಲಾಂಗ್ ವೀಕೆಂಡಿಗೆ ಒಂದು ದಿನ ಮೊದಲೇ ರಜೆ ಹಾಕಿ ನಾನೂ ಮೆಲ್ಬರ್ನ್‌ಗೆ ಹೊರಟೆ.

ತಮ್ಮನ ಗ್ಯಾರೇಜಿನ ಬಾಗಿಲು ಮುಚ್ಚಿಕೊಂಡು ಇಬ್ಬರೂ ಪರೀಕ್ಷೆಗೆ ನಿಂತೆವು. ಸೋನಾ ಮಸೂರಿ ಅಕ್ಕಿಯ ಖಾಲಿ ಚೀಲಕ್ಕೆ ಹಳೆಯ ಬಟ್ಟೆಗಳನ್ನು ಗಿಡಿದು ತುಂಬಿದೆವು. ಅದರ ಮುಂದೆ ರಟ್ಟು, ಹಿಂದೆ ದಪ್ಪನೆಯ ಫೋಮ್. ಅವನು ಹೊಡೆಯುವುದು, ನಾನು ರಟ್ಟಿನ ತೂತನ್ನು ಟೇಪಿನಿಂದ ಅಳೆಯುವುದು. ಮೊದಲನೆಯ ಬಗೆಯಲ್ಲಿ ಅಲಗುಗಳನ್ನು ಒಂದು ರಬ್ಬರ್ ಉಂಗುರ ಹಿಡಿದಿಡುತ್ತಿತ್ತು. ಒಮ್ಮೆ ರಟ್ಟಿನಲ್ಲಿ ಮೂರು ಸೀಳು ಚೆನ್ನಾಗಿ ಮೂಡಿದವು, ಮರುಸಲ ಬರೀ ದುಂಡನೆಯ ತೂತು. ಎರಡನೆಯದು ಹೊಡೆಯುವ ಮುಂಚೆಯೇ, ಬಾಣವನ್ನು ಸ್ವಲ್ಪ ಅಲ್ಲಾಡಿಸಿದರೆ ಸಾಕು, ಬಿಚ್ಚಿಕೊಳ್ಳುತ್ತಿತ್ತು. ಮೂರನೆಯದು ಎರಡೇ ಅಲಗಿನದು, ಎಲ್ಲಕ್ಕಿಂತ ಅಗ್ಗ, ಪ್ಯಾಕೆಟ್ಟಿನ ಮೇಲೆ ನೆಟ್ಟಗೆ ಅಕ್ಷರವೂ ಇರಲಿಲ್ಲ, ಓದಿದವುಗಳಲ್ಲಿ ಅತಿ ಹೆಚ್ಚು ಬೈಗುಳ ತಿಂದದ್ದೂ ಅದೇ. ಅದು ಆರು ಏಟಿಗೆ ಆರು ಸಲವೂ ಬಿಚ್ಚಿಕೊಂಡಿತು.

ನನಗೆ ನಂಬಿಕೆ ಬರಲಿಲ್ಲ. ‘ಇನ್ನೊಮ್ಮೆ ಹೊಡಿ’ ಎಂದೆ. ಏಳನೆಯ ಸಲವೂ ಬಿಚ್ಚಿತು. ‘ಇನ್ನೊಮ್ಮೆ.’

‘ತೋಳು ಬಿದ್ದುಹೋಗ್ತಾವ ಮಾರಾಯ್ತಿ’ ಎಂದು ಗೊಣಗಿದ ತಮ್ಮ, ಆದರೂ ಹೊಡೆದ.

ಚೀಲ ಬಿಚ್ಚಿ ಒಳಗಿನ ಬಟ್ಟೆ ತೆಗೆದು ನೋಡಿದೆ. ಮಡಿಕೆ ಮಡಿಕೆಯಾಗಿ ಸೀಳಿತ್ತು. ಆ ಸೀಳಿನೊಳಗೆ ನನ್ನ ಮೂರು ಬೆರಳು ಸಲೀಸಾಗಿ ಹೋದವು. ‘ಇದೇ ಇರ್ಲಿ’ ಎಂದೆ. ಹೇಳುವಾಗ ದನಿಯಲ್ಲಿ ಹೆಮ್ಮೆ ಇತ್ತು ಎಂದು ಈಗ ನೆನಪಾಗುತ್ತದೆ. ಬೆರಳುಗಳನ್ನು ಹೊರಗೆಳೆದುಕೊಂಡ ಮೇಲೆ ಮಾತ್ರ ಹೋಗಿ ಎರಡೆರಡು ಸಲ ಕೈ ತೊಳೆದುಕೊಂಡೆ.

ಮರುದಿನ ನವಮಿ. ನಮ್ಮ ಕಡೆ ಆಯುಧ ಪೂಜೆಯನ್ನು ಖಂಡೆ ಪೂಜೆ ಎನ್ನುತ್ತಾರೆ. ಖಂಡೆ ಎಂದರೆ ಖಡ್ಗ. ನಾನು ಹುಟ್ಟಿದಾಗಿನಿಂದ ಖಂಡೆಯ ಹೆಸರಿನಲ್ಲಿ ಪೂಜೆ ಮಾಡಿದ್ದು ಹೊಲಿಗೆ ಮಷಿನ್, ಸ್ಕೂಟರ್, ಕತ್ತರಿ, ಈಳಿಗೆ ಇಂಥವಕ್ಕೆ. ಮೊದಲ ಸಲ ಮನೆಯಲ್ಲಿ ನಿಜವಾದ ಆಯುಧವೊಂದಿತ್ತು. ತಮ್ಮನ ಹೆಂಡತಿ ವೃದ್ಧಾಶ್ರಮದ ಡ್ಯೂಟಿಗೆ ಹೋಗಿದ್ದಳು, ಪೂಜೆಯ ಯಜಮಾನಿಕೆ ನನ್ನದಾಯಿತು. ಎರಡು ಲ್ಯಾಪ್‌ಟಾಪ್, ಮಿಕ್ಸಿ, ಕಾರಿನ ಕೀ, ನಡುವೆ ಬಿಲ್ಲು. ಬಿಲ್ಲಿನ ಮುಂದೆ ನಾಲ್ಕು ಬಾಣ. ಮೂರು ಬಾಣಗಳಿಗೆ ಹೊಸ ಅಲಗು, ನಾಲ್ಕನೆಯದಕ್ಕೆ ಪರೀಕ್ಷೆಗೆ ಬಳಸಿ ಮೊಂಡಾದದ್ದು. ವಿಭೂತಿಯನ್ನು ನೀರಿನಲ್ಲಿ ಕಲಸಿ ಎಲ್ಲಕ್ಕೂ ಪಟ್ಟೆ ಎಳೆದು ಕುಂಕುಮ ಇಟ್ಟೆ. ಅಲಗುಗಳಿಗೆ ತುಸು ಜಾಸ್ತಿಯೇ ಹಚ್ಚಿದೆ. ಕೊಂದರೂ ನೋಯಿಸದೆ ಕೊಲ್ಲಲಿ ಎಂದು ಬೇಡಿಕೊಂಡೆ. ಹಾಗೆ ಬೇಡಬಹುದೋ ಇಲ್ಲವೋ, ದೇವರಿಗೇ ಗೊತ್ತು.

ದಶಮಿಯ ದಿನ ನಾನು ಏಳುವ ಹೊತ್ತಿಗೆ ತಮ್ಮ ಹೋಗಿಯಾಗಿತ್ತು. ಬಿಲ್ಲೂ ಇರಲಿಲ್ಲ, ಮೂರು ಬಾಣಗಳೂ ಇರಲಿಲ್ಲ. ಪೂಜೆಯ ಹೂವು ತೆಗೆಯಲು ಹೋದವಳು ಉಳಿದಿದ್ದ ನಾಲ್ಕನೆಯ ಬಾಣವನ್ನು ಎತ್ತಿಕೊಂಡೆ. ವಿಭೂತಿ ಅಲಗಿನ ಸಂದಿಯೊಳಗೆ ಇಳಿದು ಗಾರೆಯಂತೆ ಒಣಗಿತ್ತು. ಬಟ್ಟೆ ಸುತ್ತಿದ ಬೆರಳಿನಿಂದ ಅಲಗನ್ನು ತಳ್ಳಿದೆ. ಅಲುಗಲಿಲ್ಲ. ಜೋರಾಗಿ ತಳ್ಳಿದೆ. ಒಂದು ತುಸು ಸರಿದು ಅಲ್ಲೇ ಸಿಕ್ಕಿಕೊಂಡಿತು, ಇನ್ನೊಂದು ಕದಲಲೇ ಇಲ್ಲ.

ಎಂಟು ಸಲ ಹೊಡೆಸಿ ಆರಿಸಿದವಳು ನಾನೇ, ಕೆಡಿಸಿದವಳೂ ನಾನೇ. ಇನ್ನೊಬ್ಬರ ಸಾಫ್ಟ್‌ವೇರ್‌ನಲ್ಲಿ ಹುಳುಕು ಹುಡುಕುವವಳಿಗೆ ಪೂಜೆಗೆ ಕೂತಾಗ ಅಷ್ಟೂ ಹೊಳೆಯಬಾರದೇ! ಫೋನ್ ಮಾಡಿದೆ. ಹೋಗಲಿಲ್ಲ. ಮತ್ತೆ ಮಾಡಿದೆ.

‘ಅಕ್ಕಾರ, ಆ ಕಾಡಿನಾಗ ಸಿಗ್ನಲ್ ಬರಂಗಿಲ್ಲ್ರಿ’ ಎಂದಳು ತಮ್ಮನ ಹೆಂಡತಿ, ಚಹಾ ಕೊಡುತ್ತ. ‘ಏನಾತ್ರಿ?’

ಅವಳಿಗೆ ಬಾಣ ತೋರಿಸಿದೆ. ಅವಳು ಅದನ್ನು ನೋಡಿದಳು, ನನ್ನನ್ನು ನೋಡಿದಳು. ‘ದೇವರ ವಿಭೂತಿ ಅಲ್ರಿ, ಏನೂ ಆಗಂಗಿಲ್ಲ’ ಎಂದಳು. ಅದರಿಂದ ನನಗೆ ಸಮಾಧಾನ ಆಗಬೇಕಿತ್ತು, ಆಗಲಿಲ್ಲ. ಬಾಣದ ವೇಗಕ್ಕೆ ಒಣಗಿದ ವಿಭೂತಿ ಪುಡಿಯಾಗಿ ಅಲಗು ಬಿಚ್ಚಿಕೊಳ್ಳಬಹುದು. ಬಿಚ್ಚಿಕೊಳ್ಳದೇ ಇರಬಹುದು. ಪರೀಕ್ಷೆ ಮಾಡೋಣವೆಂದರೆ ಬಿಲ್ಲು ಇಲ್ಲ, ಇದ್ದರೂ ಎಳೆಯಲು ನನಗೆ ಬರುವುದಿಲ್ಲ. ಇಡೀ ದಿನ ಹೋಳಿಗೆಯ ಹೂರಣ ರುಬ್ಬುತ್ತ, ಬೇಳೆ ಸೋಸುತ್ತ, ಕಣ್ಣ ಮುಂದೆ ಒಂದೇ ಚಿತ್ರ: ದಬ್ಬಣ ಚುಚ್ಚಿಸಿಕೊಂಡು ಪೊದೆಯಲ್ಲಿ ಬಿದ್ದಿರುವ ಪ್ರಾಣಿ, ಇವತ್ತೂ ಸಾಯದು, ನಾಳೆಯೂ ಸಾಯದು. ತಮ್ಮನಿಗೆ ಏನೂ ಸಿಗದಿರಲಿ ಎಂದು ಬೇಡಿಕೊಂಡೆ. ಹಿಂದಿನ ದಿನ ಬೇಡಿದ್ದೊಂದು, ಇವತ್ತು ಬೇಡಿದ್ದೊಂದು. ಯಾವುದನ್ನು ನಡೆಸಬೇಕೆಂದು ದೇವರಿಗೂ ಗೊಂದಲವಾಗಿರಬೇಕು.

ನಾಲ್ಕು ಗಂಟೆಯ ಸುಮಾರಿಗೆ ಕಾರು ಬಂತು. ಡ್ರೈವ್‌ವೇಗೆ ಓಡಿದೆ. ತಮ್ಮ ಡಿಕ್ಕಿಯಿಂದ ದೊಡ್ಡ ಐಸ್ ಪೆಟ್ಟಿಗೆ ಇಳಿಸುತ್ತಿದ್ದ.

‘ಹೊಡದೇನು?’

‘ಹೊಡದ್ನಿ.’

‘ಅಲಗು ಬಿಚ್ಚಿದ್ವೇನು?’

‘ಎರಡೂ ಬಿಚ್ಚಿದ್ವು.’

‘ಹೆಂಗ ಬಿಚ್ಚಿದ್ವು? ನಾ ವಿಭೂತಿ ಹಚ್ಚಿದ್ನೆಲ್ಲೋ!’

ಅವನು ಪೆಟ್ಟಿಗೆ ಕೆಳಗಿಟ್ಟು ತಲೆ ಕೆರೆದುಕೊಂಡ. ‘ಹೊರಡೂಕಿಂತ ಮೊದಲ ಹಲ್ಲುಜ್ಜೂ ಬ್ರಷ್‌ಲೆ ತೊಳದಿದ್ನಿ, ಅಕ್ಕಾ. ನೀ ದೇವರ ಹೆಸರ್ಲೆ ಹಚ್ಚಿದ್ದಿ. ಒರಸ್ತೀನಿ ಅಂತ ಹೆಂಗ ಹೇಳ್ಲಿ?’

‘ಮುಂಜಾನಿಂದ ಜೀವ ಕೈಯಾಗ ಹಿಡ್ಕೊಂಡ ಕುಂತೀನಿ! ಒಂದ್ ಚೀಟಿ ಬರದಿಡಾಕ ಏನಾಗಿತ್ತು ನಿನಗ?’ ಎಂದು ಬೀದಿಗೆಲ್ಲ ಕೇಳುವಂತೆ ಬೈದೆ. ಬೈಯುತ್ತಲೇ ಅಳು ಬಂತು. ಅಳುತ್ತಲೇ ಖುಷಿಯಾಗುತ್ತಿದೆ ಎಂಬುದೂ ಗೊತ್ತಾಯಿತು. ಯಾವುದಕ್ಕೆ ಖುಷಿ? ನಾನು ಆರಿಸಿದ್ದು ಕೈಕೊಡಲಿಲ್ಲ ಎಂಬುದಕ್ಕೆ. ನನ್ನ ಮಾತಿನಂತೆ ಒಂದು ಜೀವ ಸರಿಯಾಗಿ ಸತ್ತಿತ್ತು, ಅದಕ್ಕೆ.

ಅವನು ಸ್ನಾನ ಮಾಡಿ ಬಂದು ಬನ್ನಿ ಕೊಟ್ಟ. ಬನ್ನಿಯ ಮರ ಇಲ್ಲೆಲ್ಲಿ ಸಿಗಬೇಕು. ಬೀದಿ ಬದಿಯ ಗಿಡದಿಂದ ಅವನ ಹೆಂಡತಿ ಕಿತ್ತಿಟ್ಟಿದ್ದ ಎಲೆಗಳು. ‘ಬನ್ನಿ ತಗೊಂಡು ಬಂಗಾರದಂಗ ಇರೂಣು’ ಎಂದು ನನ್ನ ಕಾಲು ಮುಟ್ಟಿದ. ಕೈಗೆ ಸೋಪಿನ ವಾಸನೆ ಇತ್ತು. ಅವನ ತಲೆಯ ಮೇಲೆ ಕೈಯಿಟ್ಟೆ. ಹರಸುವ ಬದಲು ಕೇಳಿದೆ: ‘ಏಟು ಬಿದ್ದ ಮ್ಯಾಲೆ ಎಷ್ಟು ದೂರ ಓಡಿತು?’

‘ಭಾಳ ಇಲ್ಲ. ಮೂವತ್ತು ಹೆಜ್ಜಿ. ಎಣಿಸೀನಿ.’

ಮೂವತ್ತಕ್ಕೇ ಬಿತ್ತೆಂದರೆ ಹೆಚ್ಚು ನರಳಿಲ್ಲ, ನಾನು ಓದಿದ್ದರಲ್ಲಿ ಎಲ್ಲರೂ ಹಾಗೇ ಬರೆದಿದ್ದರು. ಆದರೂ ಮರುದಿನ ಬೆಳಿಗ್ಗೆ, ಏರ್‌ಪೋರ್ಟಿಗೆ ಹೊರಡುವ ಮುಂಚೆ, ಒಬ್ಬಳೇ ಬೀದಿಗಿಳಿದೆ. ತಮ್ಮನ ಮನೆಯ ಲೆಟರ್ ಬಾಕ್ಸಿನಿಂದ ಎಣಿಸುತ್ತ ನಡೆದೆ. ಪಕ್ಕದ ಮನೆಯ ಕಾರನ್ನು ದಾಟಿದೆ, ಅದರಾಚೆಯ ಮನೆಯ ಹುಲ್ಲುಹಾಸನ್ನು ದಾಟಿದೆ, ಮೂಲೆ ಇನ್ನೂ ಬಂದಿರಲಿಲ್ಲ. ಹದಿನೆಂಟನೆಯ ಹೆಜ್ಜೆಗೆ ನಿಂತೆ. ಇನ್ನೂ ಹನ್ನೆರಡು ಉಳಿದಿದ್ದವು. ನಡೆಯಲು ನನ್ನಿಂದ ಆಗಲಿಲ್ಲ.