ಎದುರುಮನೆ ಮೇಷ್ಟ್ರ ಚೀನಾ ಸಿನಿಮಾ

ಮೊನ್ನೆ ಬಸ್ಸಿನಲ್ಲಿ ಪಕ್ಕದ ಹೆಂಗಸು ಕರವಸ್ತ್ರಕ್ಕೆ ಕೊಲೋನ್ ಹಾಕಿಕೊಂಡರು. ಆ ವಾಸನೆಗೆ ನಾನು ಇಳಿಯಬೇಕಾದ ಸ್ಟಾಪನ್ನೇ ಮರೆತೆ. ಚಾಮರಾಜಪೇಟೆಯ ನಮ್ಮ ಎದುರುಮನೆ ಮೇಷ್ಟ್ರು ಸಿನಿಮಾದ ಸಿ.ಡಿ.ಗಳನ್ನು ಒರೆಸುತ್ತಿದ್ದುದು ಕೊಲೋನ್ ಹಚ್ಚಿದ ಹಳೇ ಪಂಚೆಯ ತುಂಡಿನಿಂದ. ಹಾಗೆ ಮಾಡಿದರೆ ಹಾಳಾಗುತ್ತದೆ ಎಂದು ಯಾರು ಹೇಳಿದರೂ ಕೇಳುತ್ತಿರಲಿಲ್ಲ.

ಅವರು ಹೈಸ್ಕೂಲಿನಲ್ಲಿ ಇಂಗ್ಲಿಷ್ ಕಲಿಸಿ ನಿವೃತ್ತರಾದವರು. ಚೀನಾದ ಒಬ್ಬ ನಿರ್ದೇಶಕನೆಂದರೆ ಅವರಿಗೆ ಪ್ರಾಣ. ಅವನು ಮೊದಲು ಕಥೆ ಬರೆದ, ಆಮೇಲೆ ನಟಿಸಿದ, ಕೊನೆಗೆ ನಿರ್ದೇಶಕನಾದ. ತನ್ನ ಸಿನಿಮಾಗಳಲ್ಲೂ ಒಂದು ಸಣ್ಣ ಪಾತ್ರ ಮಾಡುತ್ತಿದ್ದ. ಭಾನುವಾರ ಊಟವಾದ ಮೇಲೆ ಬೀದಿಯ ವಯಸ್ಸಾದ ಹೆಂಗಸರೆಲ್ಲ ಮೇಷ್ಟ್ರ ಹಾಲಿನಲ್ಲಿ ಸೇರುತ್ತಿದ್ದರು. ಟೀವಿಯ ಕೆಳಗೆ ಬರುವ ಇಂಗ್ಲಿಷನ್ನು ಅವರು ಆಗಿಂದಾಗಲೇ ಕನ್ನಡ ಮಾಡಿ ಹೇಳುತ್ತಿದ್ದರು. ಅತ್ತೆಗೆ ಒಂದು ದನಿ, ಸೊಸೆಗೆ ಇನ್ನೊಂದು.

ನಮ್ಮಜ್ಜಿಯಂತೂ ಆ ನಿರ್ದೇಶಕನನ್ನು ನೆಂಟನನ್ನಾಗಿ ಮಾಡಿಕೊಂಡುಬಿಟ್ಟಿದ್ದಳು. ಸಿ.ಡಿ.ಗಳು ಅಂಗಡಿಯಲ್ಲಿ ಸಿಕ್ಕ ಹಾಗೆ, ಹಳೆಯದು ಹೊಸದು ಹಿಂದುಮುಂದಾಗಿ ಬರುತ್ತಿದ್ದವು. ಒಂದು ವಾರ ತಲೆ ನರೆತು ಸತ್ತವನು ಮುಂದಿನ ವಾರ ಹುಡುಗನಾಗಿ ಸೈಕಲ್ ತುಳಿಯುತ್ತ ಬರುತ್ತಿದ್ದ. "ಅಯ್ಯೋ, ಬದುಕಿದಾನೆ ಕಣ್ರೇ!" ಎಂದು ಅಜ್ಜಿ ಕಣ್ಣೊರೆಸಿಕೊಳ್ಳುತ್ತಿದ್ದಳು. ನಾನು ನಗುತ್ತಿದ್ದೆ. ಕಾಲೇಜು ಓದುವ ಕೊಬ್ಬು...

ಆಮೇಲೆ ಮೇಷ್ಟ್ರಿಗೆ ಗಂಟಲಿನ ಆಪರೇಷನ್ ಆಗಿ ದನಿಯೇ ಹೋಯಿತು. ಎರಡು ವರ್ಷದಿಂದ ಹುಡುಕುತ್ತಿದ್ದ ಸಿನಿಮಾ ಸಿಕ್ಕಿದ್ದೂ ಅದೇ ಹೊತ್ತಿಗೆ. ಅದರಲ್ಲಿ ನಿರ್ದೇಶಕನದೇ ಮುಖ್ಯ ಪಾತ್ರವಂತೆ. ಮೇಷ್ಟ್ರು ಸ್ಲೇಟಿನ ಮೇಲೆ ಬರೆದು ನನಗೆ ತೋರಿಸಿದರು: "ಭಾನುವಾರ ನೀನು ಓದಿ ಹೇಳುತ್ತೀಯಾ?"

"ಖಂಡಿತ ಬರ್ತೀನಿ ಮೇಷ್ಟ್ರೇ" ಎಂದೆ.

ಭಾನುವಾರ ಗೆಳತಿಯರು ಕೆಂಪೇಗೌಡ ರಸ್ತೆಯ ಥಿಯೇಟರಿಗೆ ಟಿಕೆಟ್ ಸಿಕ್ಕಿದೆ ಎಂದರು. ಹೋಗಿಬಿಟ್ಟೆ. ಮುದುಕಿಯರ ಸಿನಿಮಾ ಮುಂದಿನ ವಾರ ಆದೀತು ಅಂದುಕೊಂಡೆ.

ಸಂಜೆ ಬಂದಾಗ ಅಜ್ಜಿ ಬೈಯಲಿಲ್ಲ. "ಮೇಷ್ಟ್ರು ಮೂರು ಗಂಟೆವರೆಗೂ ಬಾಗಿಲಲ್ಲೇ ನಿಂತಿದ್ರು ಕಣೇ. ಆಮೇಲೆ ಟೀವಿ ಪಕ್ಕ ನಿಂತ್ಕೊಂಡು, ಬರೀ ಕೈಯಲ್ಲಿ, ಮುಖದಲ್ಲಿ, ಎಲ್ಲಾ ತಾವೇ ಮಾಡಿ ತೋರಿಸಿದ್ರು. ಕೊನೆಕೊನೆಗೆ ನಾವು ಟೀವಿ ಕಡೆ ನೋಡ್ಲೇ ಇಲ್ಲ" ಎಂದಳು.

ಮರುದಿನ ಕ್ಷಮೆ ಕೇಳಲು ಹೋದೆ. ನಾನು ಎಲ್ಲಿಗೆ ಹೋಗಿದ್ದೆನೆಂದು ಅಜ್ಜಿ ಹೇಳಿರಬೇಕು. ಮೇಷ್ಟ್ರು ಸ್ಲೇಟು ತೆಗೆದುಕೊಂಡು "ಸಿನಿಮಾ ಚೆನ್ನಾಗಿತ್ತಾ?" ಎಂದು ಬರೆದರು. ಚುಚ್ಚುಮಾತಲ್ಲ, ನಿಜವಾಗಿಯೂ ಕೇಳಿದ್ದರು. ತಲೆಯಾಡಿಸಿದೆ. ಕ್ಷಮೆ ಕೇಳದೆಯೇ ಮನೆಗೆ ಬಂದೆ. ಅದೇ ವಾರ ಮತ್ತೆ ಆಸ್ಪತ್ರೆಗೆ ಹೋದವರು ವಾಪಸು ಬರಲಿಲ್ಲ...

ಈಗ ಆ ಸಿನಿಮಾ ಫೋನಿನಲ್ಲೇ ಸಿಗುತ್ತದೆ. ಅಜ್ಜಿ ಇದ್ದಾಗ ಒಮ್ಮೆ ಪಕ್ಕದಲ್ಲಿ ಕೂರಿಸಿಕೊಂಡು, ಒಂದು ಸಾಲೂ ಬಿಡದೆ ಕನ್ನಡ ಮಾಡಿ ಹೇಳಿದೆ. ಅರ್ಧಕ್ಕೇ ಎದ್ದುಬಿಟ್ಟಳು. "ಇದಲ್ಲ ಕಣೇ, ಅದು ಬೇರೆ ಸಿನಿಮಾ" ಎಂದಳು.

ಅವಳೂ ಹೋಗಿ ಐದು ವರ್ಷವಾಯಿತು. ಆ ಭಾನುವಾರ ಮೇಷ್ಟ್ರ ಹಾಲಿನಲ್ಲಿದ್ದವರು ಈಗ ಒಬ್ಬರೂ ಇಲ್ಲ. ಮೇಷ್ಟ್ರ ಆ ಸಿನಿಮಾ ಹೇಗಿತ್ತೆಂದು ಯಾರನ್ನು ಕೇಳಲಿ?