ಮೂಕಿ ಚಿತ್ರದ ವೀರಮಾತೆ

ಹಳೆಯ ಮೂಕಿ ಸಿನಿಮಾಗಳೆಂದರೆ ನನಗೆ ಹುಚ್ಚು. ವಾಚಾಳಿಗಳಿಗೆ ಮಾತಿಲ್ಲದ ವಸ್ತುಗಳ ಮೇಲೆ ವಿಶೇಷ ಭಕ್ತಿ ಎಂಬುದು ನನ್ನ ಹೆಂಡತಿಯ ಸಿದ್ಧಾಂತ. ಅದರಲ್ಲೂ ಯುದ್ಧಕಾಲದ ದೇಶಭಕ್ತಿಯ ಚಿತ್ರ ಸಿಕ್ಕರೆ ಊಟವನ್ನೂ ಮರೆಯುತ್ತೇನೆ. ಆಗ ಕ್ಯಾಮೆರಾದ ಹಿಡಿಯನ್ನು ಕೈಯಿಂದ ತಿರುವುತ್ತಿದ್ದರು. ಹಾಗಾಗಿ ಚಿತ್ರದ ವೇಗ ಹೆಚ್ಚಿ, ರಣರಂಗಕ್ಕೆ ಹೊರಟ ಸೈನಿಕರು ಪಂಕ್ತಿ ತಪ್ಪೀತೆಂದು ಮದುವೆಮನೆಗೆ ಓಡುವವರಂತೆ ಕಾಣುತ್ತಾರೆ. ವೈರಿಗೆ ಮೀಸೆ ಕಡ್ಡಾಯ. ಪಾಪ, ಮಾತಿಲ್ಲವಲ್ಲ, ದುಷ್ಟತನವನ್ನೆಲ್ಲ ಮೀಸೆಯೇ ಹೊರಬೇಕು.

ಈ ಹುಚ್ಚೂ ಉಪಯೋಗಕ್ಕೆ ಬಂದೀತೆಂದು ಹೋದ ತಿಂಗಳು ಅನಿಸಿತು. ಇಳಕಲ್ಲಿನ ನನ್ನ ಅಕ್ಕನ ಮಗಳು ರೇಣುಕಾ ಸೈನ್ಯಕ್ಕೆ ಆಯ್ಕೆಯಾಗಿದ್ದಳು. ಸುದ್ದಿ ಬಂದಾಗಿನಿಂದ ಅಕ್ಕ ಮಗಳ ಜೊತೆ ಮಾತು ಬಿಟ್ಟಿದ್ದಳು. ಹೋಗಬೇಡ ಎನ್ನಲಿಲ್ಲ, ಹೋಗು ಎಂದೂ ಅನ್ನಲಿಲ್ಲ. "ಅವ್ವ ಹೂಂ ಅನ್ನೂತನಕಾ ನಾ ಹೊಸ್ತಿಲಾ ದಾಟೂದಿಲ್ಲ ಮಾಮಾ" ಎಂದು ಹುಡುಗಿ ಫೋನಿನಲ್ಲಿ ಅತ್ತಳು.

ತಾಯಿ ಮಗನನ್ನು ಯುದ್ಧಕ್ಕೆ ಕಳಿಸುವ ಮೂಕಿ ಚಿತ್ರವೊಂದಿದ್ದ ಲ್ಯಾಪ್‌ಟಾಪು ಬಗಲಲ್ಲಿಟ್ಟುಕೊಂಡು ಬಾಗಲಕೋಟೆಯಿಂದ ಅಕ್ಕನ ಮನೆಗೆ ಹೋದೆ. ಅಂಥ ಚಿತ್ರ ನೋಡಿದರೆ ಯಾವ ತಾಯಿಯ ಮನಸ್ಸು ಕರಗುವುದಿಲ್ಲ! ಆಗೆಲ್ಲ ದೃಶ್ಯಗಳ ನಡುವೆ ಮಾತಿನ ಬದಲು ಬರುವ ಅಕ್ಷರದ ಫಲಕಗಳನ್ನು ಓದಿ ಹೇಳಲು ಪರದೆಯ ಪಕ್ಕ ಒಬ್ಬ ನಿಲ್ಲುತ್ತಿದ್ದನಂತೆ. ಆ ಉದ್ಯೋಗ ನಾನೇ ವಹಿಸಿಕೊಂಡೆ. ಚಿತ್ರದ ತಾಯಿ ಮಗನ ಕೈಗೆ ಬಾವುಟ ಕೊಟ್ಟು, ನಗುನಗುತ್ತ ಬಾಗಿಲು ತೋರಿಸಿದಳು. ಫಲಕದಲ್ಲಿದ್ದದ್ದು ಒಂದು ಸಾಲು. ನಾನು ಗುಡುಗಿದ್ದು ಒಂದು ಭಾಷಣ. ನನ್ನ ಕಣ್ಣಲ್ಲೇ ನೀರು ಬಂತು.

ಅಕ್ಕ ಮಾತ್ರ ಕಣ್ಣು ಕಿರಿದು ಮಾಡಿ ಕೇಳಿದಳು, "ಅಲ್ಲೋ ತಮ್ಮಾ, ಆಕಿ ಬುತ್ತಿ ಎಲ್ಲಿ ಕಟ್ಟಿದ್ಲು?"

"ಯುದ್ಧ ಅಕ್ಕಾ ಅದು! ಬುತ್ತಿ ಏನ್ ತಗೊಂಡ್ ಕುಂತಿ?"

"ಯುದ್ಧಕ್ಕ ಹ್ವಾದ್ರ ಹಸಿವಿ ಆಗೂದಿಲ್ಲೇನು? ಬರೇ ಧ್ವಜಾ ಕೊಟ್ಟು ಹೊರಗ ಹಾಕ್ಯಾಳ. ಮ್ಯಾಲೆ ನಗು ಬ್ಯಾರೆ ಕೇಡು! ಎಂಥಾ ತಾಯಿನೋ ಏನೋ!"

ನನ್ನ ವೀರಮಾತೆ ನೆಲಕಚ್ಚಿದಳು. ನಮ್ಮ ಕಡೆ ಬಾದಾಮಿಗೆ ಹೋಗಿ ಸಂಜೆಗೆ ಮರಳುವವರಿಗೂ ರೊಟ್ಟಿಯ ಗಂಟು ಕಟ್ಟಿಕೊಡುತ್ತಾರೆ. ಇದನ್ನು ನಾನು ಮೊದಲೇ ಯೋಚಿಸಬೇಕಿತ್ತು. ಕೆಲಸ ಕೆಟ್ಟಿತೆಂದು ಲ್ಯಾಪ್‌ಟಾಪು ಮುಚ್ಚಿದೆ. ಅಕ್ಕ ಸೆರಗು ಸಿಕ್ಕಿಸಿಕೊಂಡು ಒಳಗೆ ಹೋದಳು. ಸ್ವಲ್ಪ ಹೊತ್ತಿಗೆ ರೊಟ್ಟಿ ಬಡಿಯುವ ಸದ್ದು ಶುರುವಾಯಿತು. ಒಂದಾಯಿತು, ಹತ್ತಾಯಿತು, ಸದ್ದು ನಿಲ್ಲಲೊಲ್ಲದು.

ನಾನೂ ರೇಣುಕಾಳೂ ಹೋಗಿ ಅಡುಗೆಮನೆಯ ಬಾಗಿಲಲ್ಲಿ ನಿಂತೆವು. ತಿಂಗಳುಗಟ್ಟಲೆ ಕೆಡದ ಖಡಕ್ ರೊಟ್ಟಿ ಒಂದರ ಮೇಲೊಂದು ಏರುತ್ತಿತ್ತು. ಅಕ್ಕ ಹಂಚಿನಿಂದ ಕಣ್ಣೆತ್ತದೆ ಮಗಳನ್ನು ಕೇಳಿದಳು:

"ಅಲ್ಲಿ ನಿನ್ನ ಖೋಲ್ಯಾಗ ಎಷ್ಟ ಮಂದಿ ಹುಡುಗ್ಯಾರು ಇರ್ತೀರಿ? ಎಲ್ಲಾರಿಗೂ ಸಾಲಬೇಕಲ್ಲ."