ಆರ್ವಿಲ್ ಹುಟ್ಟಿದ ಮನೆಯ ನೆಲ

ಆರ್ವಿಲ್ ಸ್ಟೋಲ್ಟ್ಸ್ ಹೋದ ಚಳಿಗಾಲ ತೀರಿಕೊಂಡ. ಪೆನ್ಸಿಲ್ವೇನಿಯದ ನಮ್ಮೂರಿನ ಬೆಂಕಿ ಆರಿಸುವ ದಳಕ್ಕೆ ಅವನು ಕ್ಯಾಪ್ಟನ್, ನಾನು ಬಂಡಿ ಓಡಿಸುವವಳು. ಯಾರಿಗೂ ಸಂಬಳವಿಲ್ಲ. ಸೈರನ್ ಕೂಗಿದರೆ ಇದ್ದ ಕೆಲಸ ಬಿಟ್ಟು ಓಡಬೇಕು, ಅಷ್ಟೇ.

ಮನೆಯ ಕಟ್ಟೋಣ ನೋಡಿಯೇ ಆರ್ವಿಲ್ ಬೆಂಕಿಯ ಜಾತಕ ಹೇಳುತ್ತಿದ್ದ. ಹಳೇ ಮನೆಗಳ ದಪ್ಪ ತೊಲೆ ಸುಡಲು ಹೊತ್ತು ಹಿಡಿಯುತ್ತದೆ, ಒಳಗೆ ಹೋಗಿ ಬರಬಹುದು. ಈಗಿನವುಗಳ ನೆಲದಡಿ ಇರುವುದು ತೆಳ್ಳನೆ ಪಟ್ಟಿಗಳಿಗೆ ತಗಡು ಬಡಿದು ಜೋಡಿಸಿದ ಚೌಕಟ್ಟು. ಬೆಂಕಿ ತಗುಲಿದರೆ ನೋಡನೋಡುತ್ತಲೇ ಕುಸಿಯುತ್ತದೆ. "ಹೊಸ ಮನೆ ಅಂದ್ರೆ ಹೊಸ್ತಿಲು ದಾಟೋ ಮುಂಚೆ ಎರಡ್ಸಲ ಯೋಚ್ನೆ ಮಾಡ್ರೋ," ಎಂದು ನಮ್ಮ ತಲೆ ತಿನ್ನುತ್ತಿದ್ದ.

ಕೆಲವು ವರ್ಷದ ಹಿಂದೆ ಒಂದು ಮಧ್ಯಾಹ್ನ ಹತ್ತಿಕೊಂಡದ್ದು ಅವನು ಹುಟ್ಟಿದ ಮನೆಯೇ. ಅದನ್ನು ಮಾರಿ ಎಷ್ಟೋ ವರ್ಷವಾಗಿತ್ತು. ನೆಲಮಾಳಿಗೆಯಿಂದ ಹೊಗೆ ಏಳುತ್ತಿತ್ತು, ಮಹಡಿಯಲ್ಲೊಬ್ಬ ಮುದುಕಿ ಸಿಕ್ಕಿಕೊಂಡಿದ್ದಳು. ನಮ್ಮ ದಳದವನೇ ಆದ, ಆರ್ವಿಲ್‌ನ ಬಾಲ್ಯದ ಗೆಳೆಯ ಡ್ವೈಟ್ ಬಾಗಿಲಲ್ಲಿ ನಿಂತು ಕೇಳಿದ, "ನೆಲ ಹೆಂಗಿದ್ಯೋ?"

"ನಮ್ಮಪ್ಪ ಹಾಕಿದ ಓಕ್ ತೊಲೆ ಕಣೋ. ಆನೆ ನಡೆದ್ರೂ ಅಲ್ಲಾಡಲ್ಲ. ನಡಿ!"

"ನಿನ್ಗಿಂತ ನಿಮ್ಮಪ್ಪನೇ ವಾಸಿ ಬಿಡು," ಎಂದು ನಕ್ಕು ಡ್ವೈಟ್ ಒಳಗೆ ಹೋದ.

ಹೊಸ ಮಾಲೀಕರು ಹೊರಗಿನ ಇಟ್ಟಿಗೆ ಗೋಡೆ ಹಾಗೇ ಉಳಿಸಿ, ತೊಲೆಗಳನ್ನೆಲ್ಲ ಕೀಳಿಸಿ ಹೊಸ ಚೌಕಟ್ಟು ಹಾಕಿಸಿದ್ದರು. ಯಾರಿಗೆ ಗೊತ್ತಿತ್ತು, ಹಾಳಾದ್ದು! ಡ್ವೈಟ್ ನೆಲದ ಸಮೇತ ಬೆಂಕಿಗೆ ಬಿದ್ದ. ಮುದುಕಿಯನ್ನು ಏಣಿ ಹಾಕಿ ಕಿಟಕಿಯಿಂದ ಇಳಿಸಿದೆವು. ಅವನನ್ನು ಉಳಿಸಿಕೊಳ್ಳಲಾಗಲಿಲ್ಲ.

ಆರ್ವಿಲ್ ಕ್ಯಾಪ್ಟನ್‌ಗಿರಿ ಬಿಟ್ಟು ಮನೆ ಸೇರಿದ. ಡ್ವೈಟ್‌ನ ಹೆಂಡತಿ ವರ್ನಾ ಬಂದು ಶಪಿಸುತ್ತಾಳೆಂದು ಕಾದ. ಬಂದಳು, ಕೈಯಲ್ಲಿ ಸೇಬಿನ ಪೈ ಹಿಡಿದುಕೊಂಡು. ಆಮೇಲೆ ಪ್ರತಿ ಭಾನುವಾರ ಚರ್ಚು ಮುಗಿಸಿ ಬಂದು, ಏನಾದರೊಂದು ತಂದಿಟ್ಟು, ಅವನ ಮಂಡಿನೋವು ವಿಚಾರಿಸಿ ಹೋಗುತ್ತಿದ್ದಳು. ಎಂಥಾ ದೊಡ್ಡ ಮನಸ್ಸು ಎಂದು ಊರಿಗೆ ಊರೇ ಕೊಂಡಾಡಿತು, ನಾನೂ ಕೊಂಡಾಡಿದೆ. ಆರ್ವಿಲ್ ಮಾತ್ರ ಅವಳು ತಂದದ್ದನ್ನು ಮುಟ್ಟುತ್ತಿರಲಿಲ್ಲ. ಪಕ್ಕದ ಮನೆಯವಳಾದ ನನ್ನ ಪಾಲಿಗೇ ಬರುತ್ತಿತ್ತು.

"ಒಂದು ಮಾತು ಬೈದಿದ್ರೆ ಅತ್ತಾದ್ರೂ ಬಿಡ್ತಿದ್ದೆ ಕಣೇ," ಎನ್ನುತ್ತಿದ್ದ ನನ್ನ ಹತ್ತಿರ.

ಅವನು ಹಾಸಿಗೆ ಹಿಡಿದಾಗ ಸೂಪು ಕುಡಿಸಲು ಬಂದವಳೂ ವರ್ನಾಳೇ. ನಾನು ದಿಂಬು ಸರಿಮಾಡುತ್ತಿದ್ದೆ. ಅವನು ಅವಳ ಮುಂಗೈ ಹಿಡಿದುಕೊಂಡ.

"ವರ್ನಾ, ಸಾಯೋ ಮುಂಚೆ ಒಂದ್ಸಲ ನನ್ನ ಬೈದುಬಿಡೇ. ನಿನ್ನ ದಮ್ಮಯ್ಯ."

"ಬೈಯಲ್ಲ," ಎಂದಳು ಅವಳು, ಮೆಲ್ಲಗೆ. "ಬೈದ್ರೆ ನಿಂಗೆ ಹಗುರ ಆಗುತ್ತೆ. ನಂಗೆ?"

ಅವನ ಗದ್ದ ಒರೆಸಿ, ಇನ್ನೊಂದು ಚಮಚ ಬಾಯಿಗಿಟ್ಟಳು. ಅವನು ಕುಡಿದ.